ಎಂಬತ್ತೆಂಟು ಪೊಟ್ಟಣ

ಹೋದ ವಾರ ಮೆಡಿಕಲ್ ಶಾಪಿನಲ್ಲಿ ಯಾರೋ ಬಿ ಕಾಂಪ್ಲೆಕ್ಸ್ ಮಾತ್ರೆಯ ಡಬ್ಬಿ ತೆರೆದರು. ಆ ಹುಳಿ ವಾಸನೆ ಮೂಗಿಗೆ ತಾಗಿದ್ದೇ ನಾನು ಕುಂದಾಪುರದ ಭಾಯ್ ಡಾಕ್ಟ್ರ ಮನೆಯ ಮುಂದಿನ ಕೋಣೆಯಲ್ಲಿದ್ದೆ. ಆ ಕೋಣೆಯೇ ದವಾಖಾನೆ. ಅಮ್ಮ ಅಲ್ಲಿ ಮಾತ್ರೆ ಕಟ್ಟಿಕೊಡುತ್ತಿದ್ದಳು. ಹಿಂದಿನ ಕೋಣೆಯಲ್ಲಿ ನಾವಿಬ್ಬರೂ ಇದ್ದೆವು. ಡಾಕ್ಟ್ರ ಹಿರಿಯರು ಗುಜರಾತಿನಿಂದ ವ್ಯಾಪಾರಕ್ಕೆ ಬಂದವರಂತೆ. ರೋಗಿಗಳೊಡನೆ ಅವರು ಆಡುತ್ತಿದ್ದದ್ದು ನಮ್ಮದೇ ಮಾತು, ಕವಿತೆ ಬರೆಯುವುದು ಮಾತ್ರ ಗುಜರಾತಿಯಲ್ಲಿ. ಅದು ಅರ್ಥವಾಗುತ್ತಿದ್ದದ್ದು ಅವರ ಹೆಂಡತಿಗೊಬ್ಬರಿಗೇ. ಗುಜರಾತಿಯಲ್ಲಿ ಅಕ್ಕನಿಗೆ ಬೆನ್ ಎನ್ನುವುದರಿಂದ ಊರವರ ಬಾಯಲ್ಲಿ ಆಕೆ ಬೆನ್ನಮ್ಮ. ಊಟವಾದ ಮೇಲೆ ಡಾಕ್ಟ್ರು ಓದುವರು, ಬೆನ್ನಮ್ಮ ಮೆಂತ್ಯೆ ಸೊಪ್ಪು ಬಿಡಿಸುತ್ತ ಕೇಳುವರು. ಸಾಲು ಹಿಡಿಸದಿದ್ದರೆ ಅವರ ಕೈ ನಿಲ್ಲುತ್ತಿತ್ತು. ಡಾಕ್ಟ್ರು ಆ ಸಾಲನ್ನು ಹೊಡೆದುಹಾಕುತ್ತಿದ್ದರು.

ನಾನು ಆರನೇ ಕ್ಲಾಸಿನಲ್ಲಿದ್ದಾಗ ಬೆನ್ನಮ್ಮ ತೀರಿಕೊಂಡರು. ಆಮೇಲೆ ಡಾಕ್ಟ್ರು ಒಂದು ವರ್ಷ ಅವರ ಬಗ್ಗೆಯೇ ಬರೆದರು, ಔಷಧ ಕಂಪನಿಯವರು ಕೊಡುವ ಜಾಹೀರಾತು ಹಾಳೆಗಳ ಹಿಂಬದಿಯಲ್ಲಿ, ಪೆನ್ಸಿಲಿನಿಂದ. ಅಮ್ಮ ನಾಲ್ಕಾಗಿ ಕತ್ತರಿಸಿ ಮಾತ್ರೆಯ ಪೊಟ್ಟಣ ಮಡಚುತ್ತಿದ್ದದ್ದೂ ಅದೇ ಹಾಳೆಗಳಿಂದ. ಬರೆದದ್ದು ಮೇಜಿನ ಎಡಕ್ಕೆ, ಮಗುಚಿ ಇಟ್ಟಿರುತ್ತಿತ್ತು, ಪೊಟ್ಟಣದ್ದು ಬಲಕ್ಕೆ. ಆ ಮಳೆಗಾಲ ಜ್ವರದವರ ಸಾಲು ಗೇಟಿನವರೆಗೂ ಬಂದಿತ್ತು. ಬಲಗಡೆಯದು ಮುಗಿದಾಗ ಅಮ್ಮ ಗಡಿಬಿಡಿಯಲ್ಲಿ ಎಡಕ್ಕೆ ಕೈ ಹಾಕಿದಳು. ನನಗೆ ಆಗಲೇ ದಿನಚರಿ ಬರೆಯುವ, ಎಣಿಸುವ ಅಭ್ಯಾಸ. ಜುಲೈ ಹನ್ನೊಂದರ ಪುಟದಲ್ಲಿ ಹೀಗಿದೆ: ಎಡಗಡೆಯ ಹಾಳೆ ಇಪ್ಪತ್ತೆರಡು, ಪೊಟ್ಟಣ ಎಂಬತ್ತೆಂಟು.

ಸಂಜೆ ಡಾಕ್ಟ್ರು ಖಾಲಿ ಮೇಜನ್ನು ನೋಡಿದರು. ಬೇರೆ ಪ್ರತಿ ಇರಲಿಲ್ಲ. ಅಮ್ಮ ಬಾಗಿಲು ಹಿಡಿದು ನಿಂತಿದ್ದಳು. ಎಲ್ಲರಿಗೂ ಮದ್ದು ಸಿಕ್ಕಿತೇ ಎಂದಷ್ಟೇ ಅವರು ಕೇಳಿದರು. ಮರುದಿನದಿಂದ ಅಮ್ಮ ಬಂದವರನ್ನೆಲ್ಲ ಪೊಟ್ಟಣದ ಕಾಗದ ಇದೆಯೇ ಎಂದು ವಿಚಾರಿಸಿದಳು. ಕೆಲವರು ಒಲೆಗೆ ಹಾಕಿದ್ದರು, ಕೆಲವರದು ಮಳೆನೀರಿನಲ್ಲಿ ಹೋಗಿತ್ತು. ಹದಿನೇಳನೆಯ ದಿನ ಹಂಗಾರಕಟ್ಟೆಯ ಮೀನು ಮಾರುವ ಗಿರಿಜಕ್ಕ ಒಂದು ತುಂಡು ತಂದಳು.

"ಹ್ವಾಯ್ ಡಾಕ್ಟ್ರೆ, ಇದ್ರಂಗೆ ಎಂತ ಬರ್ದದ್ದ್? ನಾನ್ ಮಂತ್ರ ಅಂದ್ಕಂಡ್ ದೇವ್ರ್ ಪಟದ್ ಹಿಂದೆ ಇಟ್ಟಿದ್ದೆ. ಜ್ವರ ಮತ್ತ್ ಬಂದಿಲ್ಲೆ."

ಡಾಕ್ಟ್ರು ಗಟ್ಟಿಯಾಗಿ ಓದಿದರು. ನಾಲ್ಕು ಸಾಲು. ಐದನೆಯದು ಅರ್ಧಕ್ಕೇ ನಿಂತಿತು.

"ಮತ್ತೆ?" ಎಂದಳು ಗಿರಿಜಕ್ಕ.

"ಉಳ್ದದ್ದ್ ಬೇರೆಯವ್ರ್ ಮಾತ್ರೆ ಒಟ್ಟಿಗೆ ಬೈಂದೂರ್ ಬಸ್ಸಂಗೆ ಹೋಯ್ತ್."

"ಯಾರ್ ಸುದ್ದಿ ಅದ್?"

"ನಮ್ಮನಿಯವ್ಳದ್ದ್."

ಗಿರಿಜಕ್ಕ ಕೈ ಚಾಚಿದಳು. "ಹಂಗಾರೆ ವಾಪಾಸ್ ಕೊಡಿ. ಇಲ್ಲ್ ಓದಿರೆ ಕೇಂಬವ್ರ್ ಯಾರಿದ್ರ್? ನಮ್ಮನಿ ದೇವ್ರ್ ಹತ್ರವೇ ಇರ್ಲಿ."

ಅಮ್ಮ ಬೇಡವೆನ್ನುವಂತೆ ಮುಂದೆ ಬಂದಳು. ಡಾಕ್ಟ್ರು ಆ ತುಂಡನ್ನು ಹಳೆಯ ಮಡಿಕೆಗಳಲ್ಲೇ ಮಡಚಿ ಗಿರಿಜಕ್ಕನಿಗೆ ಕೊಟ್ಟರು. ಅದಾದ ಮೇಲೆ ಅವರು ಒಂಬತ್ತು ವರ್ಷ ಬದುಕಿದ್ದರು. ಮೇಜಿನ ಎಡಗಡೆ ಖಾಲಿಯೇ ಇತ್ತು. ಈಗ ಆ ಮನೆ ಇಲ್ಲ. ಆ ಜಾಗದಲ್ಲಿ ಬೈಕುಗಳ ಶೋರೂಮು ಇದೆ.

ಮೊನ್ನೆ ಭಾನುವಾರ ಹಂಗಾರಕಟ್ಟೆಗೆ ಹೋಗಿದ್ದೆ. ಗಿರಿಜಕ್ಕ ತೀರಿಹೋಗಿ ನಾಲ್ಕು ವರ್ಷವಾಯಿತಂತೆ. ಸೊಸೆ ಪಟ ಇಳಿಸಿ ಚೀಟಿ ತೆಗೆದುಕೊಟ್ಟಳು. ಜಾಹೀರಾತಿನ ಅಕ್ಷರ ಹಾಗೆಯೇ ಇತ್ತು. ಪೆನ್ಸಿಲಿನದು ದೀಪದ ಮಸಿಯಲ್ಲಿ ಸೇರಿಹೋಗಿತ್ತು. ಬೇಕಾದರೆ ಒಯ್ಯಿರಿ ಎಂದಳು. ನಾನು ಅದನ್ನು ಮಡಚಿ ಇದ್ದಲ್ಲೇ ಇಟ್ಟು ಬಂದೆ.

ಹಳೆಯ ದಿನಚರಿಯ ಆ ಪುಟದ ಕೆಳಗೆ ಬರೆದೆ: ಸಿಕ್ಕಿದ್ದು ಒಂದು, ತಂದದ್ದು ಇಲ್ಲ. ನಿಮ್ಮ ಮನೆಯಲ್ಲೂ ಯಾರದೋ ಕೈಬರಹ ಹೀಗೆ ಹೋಗಿರಬಹುದು, ಯಾರೋ ಅದನ್ನು ತನ್ನ ತಪ್ಪೆಂದುಕೊಂಡಿರಬಹುದು. ಆ ದಿನ ಗಮನಿಸಲಿಲ್ಲ ಎಂದು ಅಮ್ಮ ಈಗಲೂ ಹೇಳುತ್ತಾಳೆ. ಅವಳು ಗಮನಿಸಿರಲಿಲ್ಲ, ನಿಜ. ಅವಳು ಕತ್ತರಿಸುವಾಗಲೇ ಎಡಗಡೆಯ ಹಾಳೆ ಎಂದು ಎಣಿಸಿ ಬರೆದುಕೊಂಡವಳು ನಾನು. ಆ ಪುಟವನ್ನು ಅವಳಿಗೆ ಇನ್ನೂ ತೋರಿಸಿಲ್ಲ.