ಒಂಟೆಯಾದ ಕಾಲಾಳು

ಮೊನ್ನೆ ಅಡುಗೆಮನೆಯ ಕಪಾಟಿಗೆ ಹಳೆ ಪೇಪರು ಹಾಸುತ್ತಿದ್ದೆ. ಸಾಸಿವೆ ಡಬ್ಬಿ ಇಡಲು ಹೋದವಳು ಹಾಗೇ ನಿಂತುಬಿಟ್ಟೆ. ಪೇಪರಿನಲ್ಲಿ ಮೀಸೆ ಮೂಡದ ಹುಡುಗನೊಬ್ಬನ ಚಿತ್ರ, ಅವನ ಮುಂದೆ ಚದುರಂಗದ ಮಣೆ. ನಾನು ಓದಿದ್ದು ಮೂರನೇ ಕ್ಲಾಸು. ಅಕ್ಷರ ಕೂಡಿಸಿಕೊಂಡು ಓದಿದೆ: ಗ್ರ್ಯಾಂಡ್‌ಮಾಸ್ಟರ್. ದೇಶದೇಶ ಸುತ್ತಿ ಟೂರ್ನಮೆಂಟ್ ಗೆದ್ದು ಬಂದವನಂತೆ. ನಿಮಗೆ ನಗು ಬರಬಹುದು, ಆ ಹುಡುಗನ ಮುಖದ ಮೇಲೆ ಡಬ್ಬಿ ಇಡುವುದು ನನ್ನಿಂದ ಆಗಲಿಲ್ಲ.

ನನ್ನ ತಮ್ಮ ಚಂದ್ರನೂ ಟೂರ್ನಮೆಂಟ್ ಆಡಿದವನೇ. ಅವನದು ಒಂದು ಬೆಳಿಗ್ಗೆ ಶುರುವಾಗಿ ಅದೇ ಸಂಜೆ ಮುಗಿದುಹೋಯಿತು. ಹಾಗೆ ಮುಗಿಯಲು ನಾನೇ ಕಾರಣ.

ಶಿಕಾರಿಪುರದಲ್ಲಿ ನಮ್ಮದು ಮಂಡಕ್ಕಿ ಭಟ್ಟಿ. ಅಪ್ಪ ಕಾದ ಮರಳಿನಲ್ಲಿ ಅಕ್ಕಿ ಹುರಿಯುವಾಗ ನಾನೂ ಚಂದ್ರನೂ ಮಂಡಕ್ಕಿ ಚೀಲಗಳ ಹಿಂದೆ ಕೂತು ಚದುರಂಗ ಆಡುತ್ತಿದ್ದೆವು. ಅವನಿಗೆ ಕಲಿಸಿದ್ದು ನಾನು. ನನಗೆ ಕಲಿಸಿದ್ದು ಕುಬಟೂರಿನ ಅಜ್ಜ, ಅಮ್ಮನ ಅಪ್ಪ. ಅಲ್ಲಿಯ ಗುಡಿಯ ಹಾಸುಗಲ್ಲಿನ ಮೇಲೆ ಯಾವ ಕಾಲದಲ್ಲೋ ಯಾರೋ ಚದುರಂಗದ ಮನೆಗಳನ್ನು ಕೊರೆದಿಟ್ಟಿದ್ದರು. ಪೂಜೆ ಮುಗಿಯುವವರೆಗೆ ಈ ವಾಚಾಳಿ ಬಾಯಿ ಮುಚ್ಚಿಕೊಂಡಿರಲಿ ಎಂದು ಅಜ್ಜ ಆಟ ಕಲಿಸಿದರಂತೆ. ಆಟ ಬಂತು, ಬಾಯಿ ಮುಚ್ಚುವುದು ಬರಲಿಲ್ಲ. ಮುಚ್ಚಬಾರದಾಗ ಒಮ್ಮೆ ಮುಚ್ಚಿದೆ, ಅದನ್ನೇ ಹೇಳಲು ಹೊರಟಿದ್ದೇನೆ.

ಅಜ್ಜನ ಆಟದಲ್ಲಿ ಒಂದು ಕಟ್ಟಳೆಯಿತ್ತು. ಕಾಲಾಳು ಎದುರಿನವರ ಕೊನೆಯ ಸಾಲು ಮುಟ್ಟಿದರೆ, ಅದು ಯಾರ ಮನೆ ಮುಟ್ಟಿತೋ ಅವರೇ ಆಗಬೇಕು. ಕುದುರೆಯ ಮನೆಯಾದರೆ ಕುದುರೆ, ಒಂಟೆಯ ಮನೆಯಾದರೆ ಒಂಟೆ. ಎಲ್ಲರಿಗಿಂತ ಬಲವಾದ ಮಂತ್ರಿ ಬೇಕೆಂದರೆ ಮಂತ್ರಿಯ ಮನೆಗೇ ಹೋಗಬೇಕು. ಚಂದ್ರ ಸಣ್ಣವನಿದ್ದಾಗ ಒಮ್ಮೆ ಆನೆಯ ಮನೆ ಮುಟ್ಟಿ, ಮಂತ್ರಿಯೇ ಬೇಕು ಎಂದು ಹಟ ಹಿಡಿದ. ಗೆಣ್ಣಿನ ಮೇಲೆ ಒಂದು ಕೊಟ್ಟೆ.

“ಆನೆ ಮನ್ಯಾಗ ಮಂತ್ರಿ ಹುಟ್ತಾನೇನೋ, ಪೆದ್ದಪ್ಪ?”

ಅಳುತ್ತಲೇ ಆನೆ ಇಟ್ಟ. ಮತ್ತೆಂದೂ ಕೇಳಲಿಲ್ಲ.

ನನ್ನನ್ನು ಸೊರಬಕ್ಕೆ ಕೊಟ್ಟರು. ನಮ್ಮವರು ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತರು. ನಾನು ಅತ್ತ ಹೋದಮೇಲೆ ಚಂದ್ರ ಅದೇ ಹಳೆ ಕಟ್ಟಳೆಯಲ್ಲಿ ಆಡುವ ಊರವರ ಜೊತೆಯಲ್ಲೆಲ್ಲ ಆಡಿ, ನನ್ನನ್ನು ಮೀರಿ ಬೆಳೆದ. ಹಬ್ಬಕ್ಕೆ ತವರಿಗೆ ಹೋದಾಗ ಮಾತಾಡುತ್ತಾ ಆಡುತ್ತಾ ನನ್ನ ಮಂತ್ರಿಯನ್ನು ಎತ್ತಿಕೊಂಡುಬಿಡುತ್ತಿದ್ದ. ಹೊಟ್ಟೆ ಉರಿಯುತ್ತಿತ್ತು, ಹೆಮ್ಮೆಯೂ ಆಗುತ್ತಿತ್ತು. ಎರಡೂ ಒಟ್ಟಿಗೇ ಆಗುತ್ತವೆ, ನೋಡಿ.

ಐವತ್ತರ ದಶಕ ಮುಗಿಯುತ್ತಿದ್ದ ಕಾಲ. ಸೊರಬದಲ್ಲಿ ನಮ್ಮ ಮನೆಯ ಎದುರಿನ ಸ್ಕೂಲಿನಲ್ಲಿ ಚದುರಂಗದ ಟೂರ್ನಮೆಂಟ್ ಇಟ್ಟರು. ಗೆದ್ದವನನ್ನು ಮೈಸೂರಿನ ದೊಡ್ಡ ಟೂರ್ನಮೆಂಟಿಗೆ ಕಳಿಸುವುದಾಗಿ ಡಂಗುರ ಸಾರಿಸಿದರು. ಚಂದ್ರ ಹಿಂದಿನ ದಿನವೇ ಬಸ್ಸಿಗೆ ಬಂದಿಳಿದ, ತಲೆಗೂದಲಲ್ಲಿ ಭಟ್ಟಿಯ ಬೂದಿ ಸಹಿತ. ಬೆಳಿಗ್ಗೆ ಹೆಡ್‌ಮಾಸ್ತರು ಪುಸ್ತಕ ಹಿಡಿದು ಕಟ್ಟಳೆ ಓದಿದರಂತೆ. ಕೊನೆಯ ಸಾಲು ಮುಟ್ಟಿದ ಕಾಲಾಳಿಗೆ ಬಡ್ತಿ ಉಂಟು ಎಂದರಂತೆ. ಅದು ಗೊತ್ತಿದ್ದದ್ದೇ ಎಂದು ಚಂದ್ರ ತಲೆಯಾಡಿಸಿದನಂತೆ.

ಮಧ್ಯಾಹ್ನ ನಮ್ಮವರು ಓಡೋಡಿ ಬಂದರು. ಚಂದ್ರ ಹಿತ್ತಲಲ್ಲಿ ಕಾಲು ತೊಳೆಯುತ್ತಿದ್ದ.

“ಎಂಥಾ ತಲೆ ಮಾರಾಯ್ತಿ ನಿನ್ ತಮ್ಮಂದು. ಫೈನಲ್ಲಿಗೆ ಬಂದ. ಕುದುರೆ ಮನೇಲಿ ಕಾಲಾಳು ಮುಟ್ಟಿಸಿದ, ಬೇರೆ ಯಾರಾದ್ರೂ ಆಗಿದ್ರೆ ಮಂತ್ರಿ ಮಾಡ್ಕೋತಿದ್ರು. ಇವ ಕುದುರೆ ಇಟ್ಟ ನೋಡು. ರಾಜನಿಗೂ ಮಂತ್ರಿಗೂ ಒಂದೇ ಏಟು. ಹೆಡ್‌ಮಾಸ್ತರು ಕುರ್ಚಿ ಬಿಟ್ಟು ಎದ್ದೇಬಿಟ್ರು.”

“ಕುದುರೆ ಮನೇಲಿ ಮಂತ್ರಿ ಮಾಡ್ಕೋಬಹುದೇನ್ರೀ?”

“ಯಾವ ಮನೆಯಾದ್ರೂ ಸೈ. ಯಾಕೆ, ನಿಮ್ಮೂರಲ್ಲಿ ಬೇರೆ ಉಂಟಾ?”

“ಇಲ್ರೀ, ಹಂಗೇನಿಲ್ಲ,” ಅಂದೆ.

ಊಟಕ್ಕೆ ಕೂತರು. ನಮ್ಮವರು ಬೇಗ ಉಂಡು ಕೈ ತೊಳೆಯಲು ಎದ್ದಾಗ ಚಂದ್ರ ಮೆಲ್ಲಗೆ ಹೇಳಿದ: “ಎಲ್ಲಾರೂ ಯಾಕ ಅಷ್ಟು ಕುಣಿದ್ರೋ ತಿಳೀಲಿಲ್ಲಕ್ಕಾ. ಕುದುರೆ ಮನಿ, ಕುದುರೆ ಇಟ್ಟೆ.”

ಸೌಟು ಹಿಡಿದು ನಿಂತಿದ್ದೆ. ಎರಡು ಮಾತು ಸಾಕಿತ್ತು. ಆದರೆ ಗಂಡನೆದುರು ಈಗಷ್ಟೇ ಇಲ್ಲ ಅಂದಿದ್ದೆ. ಗೆಣ್ಣಿಗೆ ಹೊಡೆದು ಕಲಿಸಿದ್ದು ತಪ್ಪು ಎಂದು ಒಪ್ಪಿಕೊಳ್ಳಬೇಕಿತ್ತು. ಇನ್ನೊಂದು ಮಾತನ್ನೂ ಬಚ್ಚಿಡುವುದಿಲ್ಲ: ನಾನು ಕಲಿಸಿದ ಆಟದಿಂದ ಇವನು ಮೈಸೂರು ನೋಡುತ್ತಾನೆ, ನಾನು ಇದೇ ಸೌಟು ಹಿಡಿದಿರುತ್ತೇನೆ ಎಂಬ ಕಿಚ್ಚೂ ಇತ್ತು.

“ಅನ್ನ ಹಾಕ್ಲಾ?” ಅಂದೆ.

ಫೈನಲ್ ಸಾಗರದ ವಕೀಲರೊಬ್ಬರ ಮೇಲೆ. ಸ್ಕೂಲಿನ ಕಿಟಕಿಗಳಿಗೆ ಜನ ಜೋತುಬಿದ್ದಿದ್ದರು. ನಾನು ಪಕ್ಕದ ಮನೆಯಾಕೆಯನ್ನು ಕರೆದುಕೊಂಡು, ಕಾಫಿ ಕೊಡುವ ನೆಪದಲ್ಲಿ ಹಿಂದಿನ ಕಿಟಕಿಯಲ್ಲಿ ಮುಖವಿಟ್ಟೆ. ಎಂಥಾ ಆಟ ಅಂತೀರಿ. ವಕೀಲರ ಹಣೆ ಬೆವರುತ್ತಿತ್ತು. ಚಂದ್ರನ ಕೈ ಮಾತ್ರ ಮರಳು ತಿರುವುವಾಗಿನಂತೆ ಸಲೀಸಾಗಿ ಹೋಗಿ ಬರುತ್ತಿತ್ತು. ಕೊನೆಗೆ ಇಬ್ಬರದೂ ಒಂದೊಂದು ಕಾಲಾಳು ಓಟ ಹೂಡಿದವು. ಚಂದ್ರನದು ಒಂದು ಹೆಜ್ಜೆ ಮುಂದೆ. ಅವನ ಕಾಲಾಳು ಕೊನೆಯ ಸಾಲು ಮುಟ್ಟಿತು, ಒಂಟೆಯ ಮನೆಯಲ್ಲಿ.

ಆಗಲೂ ಕೂಗಬಹುದಿತ್ತು. ಬಯ್ಯುತ್ತಿದ್ದರು, ಅಷ್ಟೇ.

ಚಂದ್ರ ಒಂಟೆ ಇಟ್ಟ. ಬೆಳಗಿನ ಕುದುರೆ ನೋಡಿದ್ದ ಜನ ಇದರಲ್ಲೂ ಏನೋ ಇದೆ ಎಂದು ಉಸಿರು ಹಿಡಿದರು. ವಕೀಲರೂ ಬಹಳ ಹೊತ್ತು ಯೋಚಿಸಿದರು. ಆಮೇಲೆ ತಮ್ಮ ಕಾಲಾಳನ್ನು ಆನೆಯ ಮನೆಗೆ ಮುಟ್ಟಿಸಿ, ಅಲ್ಲಿ ಮಂತ್ರಿಯನ್ನಿಟ್ಟರು.

“ಅದು ಆನೆ ಆಗ್ಬೇಕಲ್ರೀ ವಕೀಲ್ರೇ?” ಎಂದ ಚಂದ್ರ.

ಮೊದಲು ನಕ್ಕವರು ಯಾರೋ, ಆಮೇಲೆ ಇಡೀ ಸ್ಕೂಲು ನಕ್ಕಿತು. ಹೆಡ್‌ಮಾಸ್ತರು ಪುಸ್ತಕ ತೋರಿಸಿ, “ಹಂಗಂತ ಯಾರಪ್ಪಾ ನಿನಗೆ ಹೇಳಿಕೊಟ್ಟೋರು?” ಎಂದು ಕೇಳಿದರು.

“ಯಾರೂ ಇಲ್ಲ ಸಾರ್. ನಾನೇ ಹಂಗ ತಿಳ್ಕಂಡಿದ್ದೆ.”

ಕಿಟಕಿಯಲ್ಲಿ ನಾನಿದ್ದದ್ದು ಅವನಿಗೆ ಗೊತ್ತಿತ್ತು. ಈ ಕಡೆ ತಿರುಗಲಿಲ್ಲ. ವಕೀಲರ ಮಂತ್ರಿಯೆದುರು ಅವನ ಒಂಟೆ ನಿಲ್ಲಲಿಲ್ಲ, ಸೋತ. ಸಂಜೆ ಬಸ್ಸು ಹತ್ತುವಾಗ, “ಅಜ್ಜನ ಕಾಲದ್ದು ಈಗ ನಡೆಯಂಗಿಲ್ಲಂತ ನಿನಗಾದ್ರೂ ಹೆಂಗ ಗೊತ್ತಿರಬೇಕು ಬಿಡಕ್ಕಾ,” ಎಂದು ನನಗೇ ಸಮಾಧಾನ ಹೇಳಿ ಹೋದ. ಮತ್ತೆ ಯಾವ ಟೂರ್ನಮೆಂಟಿಗೂ ಕೂರಲಿಲ್ಲ. ಕರೆದರೆ, ಭಟ್ಟಿ ಯಾರು ನೋಡ್ಕೋತಾರೆ ಎನ್ನುತ್ತಿದ್ದ.

ಮೊನ್ನೆ ಆ ಪೇಪರು ಮಡಚಿಕೊಂಡು ಶಿಕಾರಿಪುರಕ್ಕೆ ಹೋದೆ. ಚಂದ್ರ ಕನ್ನಡಕ ಹುಡುಕಿ, ಹುಡುಗನ ಚಿತ್ರ ನೋಡಿ ಖುಷಿಪಟ್ಟ. ಅವನು ಇನ್ನೊಂದು ಮಾತಾಡುವ ಮೊದಲೇ, ಆ ಫೈನಲ್ಲಿಗೆ ಮುಂಚೆಯೇ ಸರಿಯಾದ ಕಟ್ಟಳೆ ನನಗೆ ಗೊತ್ತಾಗಿತ್ತು ಎಂದುಬಿಟ್ಟೆ.

“ಯಾವಾಗ ಗೊತ್ತಾತು ನಿನಗ?”

“ಮಧ್ಯಾಹ್ನ, ಊಟಕ್ಕ ಬಂದಾಗ. ನೀನು ಕೈಕಾಲು ತೊಳೀತಿದ್ದೆ.”

ಅವನ ಬೆರಳು ತೊಡೆಯ ಮೇಲೆ ಏನನ್ನೋ ಅತ್ತಿತ್ತ ಸರಿಸಿತು. “ಬೆಳಿಗ್ಗೇನೇ ಗೊತ್ತಿದ್ರ ನಾನೂ ಕುದುರೆ ಮನ್ಯಾಗ ಮಂತ್ರಿ ಇಟ್ಟು ಸೋಲ್ತಿದ್ದೆ. ಫೈನಲ್ಲೇ ಇರ್ತಿರಲಿಲ್ಲ.” ಪೇಪರು ಮಡಚಿಟ್ಟು ಹೇಳಿದ: “ಮಧ್ಯಾಹ್ನ ಹೇಳ್ಬೇಕಿತ್ತಕ್ಕಾ.”

“ಹೇಳ್ಬೇಕಿತ್ತು,” ಅಂದೆ.

ಹೋಗಲಿ ಬಿಡು ಎನ್ನುತ್ತಾನೆಂದು ಕಾದೆ. ಅನ್ನಲಿಲ್ಲ. ಬಸ್ಸಿಗೆ ಹೊತ್ತಾಯಿತು ಎಂದು ಎದ್ದರೆ, “ಕೂತ್ಕ,” ಎಂದು ಮಂಚದ ಕೆಳಗಿಂದ ಮಣೆ ಎಳೆದ. ಆ ಸಂಜೆಯ ಆಟವನ್ನು ಒಂದು ಕಾಯಿಯೂ ತಪ್ಪದಂತೆ ಜೋಡಿಸಿದ. ಒಂಟೆಯ ಮನೆಯಲ್ಲಿ ಈ ಸಲ ಮಂತ್ರಿಯನ್ನಿಟ್ಟು, ಮಣೆಯನ್ನು ತಿರುಗಿಸಿ ವಕೀಲರ ಕಡೆಯನ್ನು ನನಗೆ ಕೊಟ್ಟ.

“ಆಡು. ನೋಡಾಣ.”

ಸುಮ್ಮನೆ ಬಿಟ್ಟುಕೊಟ್ಟರೆ ಅವನಿಗೆ ತಿಳಿದುಬಿಡುತ್ತದೆ, ಅದಕ್ಕೇ ನಿಜವಾಗಿ ಆಡಿದೆ. ಅತ್ತ ಸರಿಸಿದೆ, ಇತ್ತ ಸರಿಸಿದೆ, ನನಗೆ ಗೊತ್ತಿದ್ದ ಕಿತಾಪತಿಯನ್ನೆಲ್ಲ ಮಾಡಿದೆ. ರಾಜ ಎಲ್ಲಿ ಹೋದರೂ ಆ ಮಂತ್ರಿ ಎದುರು ನಿಂತಿತ್ತು, ನನ್ನ ಕಾಲಾಳನ್ನು ಮುಂದೆ ದೂಡಲು ಬಿಡುವೇ ಸಿಗಲಿಲ್ಲ.

“ಸೋತೆ ಕಣೋ,” ಅಂದೆ.

“ಇನ್ನೊಂದ್ ಸಲ ಹೇಳು,” ಎಂದ ಚಂದ್ರ.