ಮೂರು ತಲೆಯ ನಾಯಿಗೆ ಸಿಕ್ಕ ದನಿ

ಡಬ್ಬಿಂಗ್ ಸ್ಟುಡಿಯೋದಲ್ಲಿ ಎಲ್ಲರೂ ಅವಳನ್ನು ದನಿಯಕ್ಕ ಅಂತಲೇ ಕರೆಯುತ್ತಿದ್ದರು. ಮಕ್ಕಳ ಕಾರ್ಟೂನೊಂದರಲ್ಲಿ ಆಕಾಶಕ್ಕೆ ಹಾರಿ ಊರು ಕಾಯುವ ಪುಟ್ಟ ಸೂಪರ್ ಹೀರೋಗೆ ವರ್ಷಗಟ್ಟಲೆ ದನಿ ಕೊಟ್ಟವಳು ಅವಳೇ. ಮೈಕಿನ ಮುಂದೆ ನಿಂತರೆ ಸಾಕು, ಎರಡು ಮಕ್ಕಳ ತಾಯಿ ತುಂಟ ಪೋರನಾಗಿಬಿಡುತ್ತಿದ್ದಳು. ಕೂಗಿ ಕೂಗಿ ಕೊನೆಗೆ ಗಂಟಲೊಳಗೆ ಗಂಟು ಬೆಳೆಯಿತು. ಆಪರೇಷನ್ ಮಾಡಿದ ಡಾಕ್ಟರು, "ಒಂದು ತಿಂಗಳು ತುಟಿಪಿಟಕ್ ಅನ್ನಬಾರದು" ಅಂದರು.

ಆ ತಿಂಗಳು ಮನೆ ನಡೆಸಿದ್ದು ನಾದಿನಿ. ತನ್ನ ಮನೆಗೆ ಬೀಗ ಹಾಕಿ ಬಂದವಳು ಅತ್ತಿಗೆಯ ಕಣ್ಸನ್ನೆಯನ್ನೇ ಮಾತು ಅಂತ ಓದಿಕೊಂಡಳು. ಗಂಡ ಮಾತ್ರ, "ಮದುವೆಯಾದಮೇಲೆ ಇದೇ ಮೊದಲು, ಕೊನೇ ಮಾತು ನನ್ನದಾಗಿದ್ದು" ಅಂತ ಹೇಳಿ ದಿಂಬಿನ ಏಟು ತಿಂದ.

ತಿಂಗಳು ಕಳೆದು ಬಾಯಿಬಿಟ್ಟಾಗ ಹೊರಬಿದ್ದದ್ದು ಕಲ್ಲಿಗೆ ಕಲ್ಲು ಉಜ್ಜಿದಂಥ ಗೊರಗೊರ ಸದ್ದು. ಪೋರನ ದನಿ ಕಾಲುಕಿತ್ತಿತ್ತು. "ಜೀವ ಉಳೀತಲ್ಲ ಅತ್ತಿಗೆ, ದನಿ ಯಾವ ಲೆಕ್ಕ?" ಅಂದಳು ನಾದಿನಿ. ಹೌದೆಂದು ತಲೆಯಾಡಿಸಿದ ದನಿಯಕ್ಕ ಬಚ್ಚಲಿಗೆ ಹೋಗಿ ನಲ್ಲಿ ತಿರುಗಿಸಿ ಅತ್ತಳು.

ಸ್ಟುಡಿಯೋದವರು ಹೀರೋ ಪಾತ್ರಕ್ಕೆ ಹೊಸ ಹುಡುಗಿಯನ್ನು ತಂದಿದ್ದರು. ಪಾತ್ರದ ಒಳಹೊರಗು ಹೇಳಿಕೊಡಲು ದನಿಯಕ್ಕನನ್ನು ಕರೆದರು. ಹೊಟ್ಟೆಯಲ್ಲಿ ಕಿಚ್ಚಿದ್ದರೂ ಹೋದಳು. ಹೊಸ ಕತೆಯಲ್ಲಿ ಹೀರೋ ಗ್ರೀಕರ ಪಾತಾಳಕ್ಕೆ ಇಳಿಯುತ್ತಾನೆ. ಅಲ್ಲಿನ ದೊರೆ ಹೇಡೀಸ್ ಅವನ ಗೆಳೆಯನ ಪ್ರಾಣವನ್ನು ಹಿಡಿದಿಟ್ಟುಕೊಂಡಿದ್ದಾನೆ. ಆ ಕತ್ತಲಲ್ಲಿ ಹೀರೋಗೆ ಹಾರಲು ಬಾರದು. ಸಾಲದ್ದಕ್ಕೆ ಬಾಗಿಲಲ್ಲಿ ಮೂರು ತಲೆಯ ನಾಯಿ ಬೇರೆ.

"ಹೇಡೀಸ್ ಅಂದ್ರೆ ಹೇಡಿನಾ ಅಕ್ಕ?" ಹುಡುಗಿ ಕೇಳಿದಳು.

"ಸತ್ತವರ ಮೇಲೆ ದರ್ಬಾರು ಮಾಡೋನು ಇನ್ನೇನು ಶೂರನಾ?"

ಇಬ್ಬರೂ ನಕ್ಕರು. ಕಿಚ್ಚು ಅರ್ಧ ಆರಿತು.

ಆದರೆ ನಾಯಿಯೆದುರಿನ ದೃಶ್ಯದಲ್ಲಿ ಹುಡುಗಿ ಎಷ್ಟು ಸಲ ಹೇಳಿದರೂ ಮಾತು ಸಪ್ಪೆ. "ಭಯಾನೇ ಬರ್ತಿಲ್ಲ" ಅಂತ ಅವಳ ಕಣ್ಣು ತುಂಬಿತು. ಗಾಜಿನಾಚೆಯಿಂದ ರೆಕಾರ್ಡಿಂಗ್ ಮಾಡುವವನು, "ಅಕ್ಕ, ಸುಮ್ನೆ ಒಂದ್ಸಲ ನಾಯಿಯಾಗಿ. ಇವಳಿಗೆ ಎದುರಾಳಿ ಬೇಕು" ಅಂದ.

ದನಿಯಕ್ಕ ಸಂಕೋಚದಿಂದಲೇ ಬಾಯಿಬಿಟ್ಟಳು. ಒಂದು ತಲೆ ಗುರುಗುಟ್ಟಿತು, ಇನ್ನೊಂದು ಅದನ್ನೇ ಗದರಿಸಿತು, ಮೂರನೆಯದು ಹಸಿವಿಗೆ ಕುಂಯ್‌ಗುಟ್ಟಿತು. ಒಂದೇ ಹೊಟ್ಟೆಗೆ ಮೂರು ಬಾಯಿಯ ಜಗಳ! ಹುಡುಗಿ ಬೆಚ್ಚಿ ಹಿಂದೆ ಸರಿದಳು. ನಡುಗುವ ದನಿಯಲ್ಲೇ, "ನಂಗೆ ಹಾರೋಕೆ ಬರ್ತಿಲ್ಲ. ಆದ್ರೂ ಬಂದಿದ್ದೀನಿ. ದಾರಿ ಬಿಡು!" ಅಂದಳು.

"ಇಷ್ಟು ದಿನ ಈ ದನೀನ ಎಲ್ಲಿ ಬಚ್ಚಿಟ್ಟಿದ್ರಿ ಅಕ್ಕ?" ಗಾಜಿನಾಚೆಯವನು ಕೇಳಿದ.

"ನಂಗೂ ಈಗ್ಲೇ ಸಿಕ್ಕಿದ್ದು ಕಣಪ್ಪ."

ನಾಯಿಯ ಪಾತ್ರ ಅವಳದಾಯಿತು. ಅವಳು ಮೊದಲು ನಾದಿನಿಗೆ ಫೋನು ಮಾಡಿದಳು. "ನಾನು ನಾಯಿಯಾದೆ ಕಣೇ!"

"ಅಣ್ಣ ಇದನ್ನ ಎಂದೋ ಹೇಳಿದ್ದ ಬಿಡಿ" ಅಂದ ನಾದಿನಿ ನಗುತ್ತಲೇ ಅತ್ತಳು. "ನೀನಿಲ್ಲದಿದ್ರೆ ನಾನು ಎದ್ದೇ ನಿಲ್ತಿರಲಿಲ್ಲ" ಅಂದಳು ದನಿಯಕ್ಕ. ಡಾಕ್ಟರಿಗೂ ಫೋನು ಮಾಡಿ, ಬೇಡಬೇಡವೆಂದರೂ ಒಮ್ಮೆ ಬೊಗಳಿ ಕೇಳಿಸಿದಳು.

ಕತೆಯ ಕೊನೆಯಲ್ಲಿ ಹೀರೋ ನಾಯಿಯ ಕಿವಿ ಸವರಿ, ಸ್ನೇಹ ಮಾಡಿಕೊಂಡು, ಗೆಳೆಯನನ್ನು ಹೊತ್ತು ಬೆಳಕಿಗೆ ಬರುತ್ತಾನೆ. ಆ ದೃಶ್ಯದ ಗೆಲುವಿನ ಕೂಗನ್ನು ಹುಡುಗಿ ಗಂಟಲು ಹರಿಯುವಂತೆ ಕೂಗತೊಡಗಿದಳು. ದನಿಯಕ್ಕ ಕೈಯೆತ್ತಿ ರೆಕಾರ್ಡಿಂಗ್ ನಿಲ್ಲಿಸಿ, ಬಿಸಿನೀರು ಕುಡಿಸಿ, ಅವಳ ಹೊಟ್ಟೆಯ ಮೇಲೆ ಅಂಗೈ ಇಟ್ಟಳು.

"ಗಂಟಲಿಂದ ಬೇಡ ಮಗಳೇ, ಇಲ್ಲಿಂದ ಕೂಗು. ನಿಧಾನಕ್ಕೆ, ನಾನಿಲ್ಲೇ ಇದ್ದೀನಿ."