ಬಾಯಿ ತುಂಬ ಎಲೆ, ಹೊಟ್ಟೆ ತುಂಬ ತಕರಾರು

ತಕರಾರು ಎಂಬ ಶಬ್ದ ಕೇಳಿದರೆ ನನಗೆ ಇಂದಿಗೂ ನಗೆ ಬರುತ್ತದೆ, ಅದರ ಬೆನ್ನಿಗೇ ಸಿಟ್ಟೂ ಬರುತ್ತದೆ. ಎರಡಕ್ಕೂ ಕಾರಣ ನಮ್ಮ ಕಾಕಾ.

ಕಾಕಾ ಶಿಗ್ಗಾವಿಯಲ್ಲಿ ವಕೀಲರೊಬ್ಬರ ಕಾರಕೂನ. ಕರಿ ಟೊಪಿಗೆ, ಉದ್ದ ಕೋಟು. ಸವಣೂರಿನ ನಮ್ಮ ಮನೆಗೆ ಬಂದರೆ ಸಾರಿನ ಉಪ್ಪಿಗೂ ಅವರದೊಂದು ತಕರಾರು, ಎಮ್ಮೆ ಕಟ್ಟಿದ ಗೂಟಕ್ಕೂ ಒಂದು. ಬರೇ ‘ಬ್ಯಾಡ’ ಅನ್ನುವುದು ಅವರ ಘನತೆಗೆ ಕಡಿಮೆ, ‘ಆಕ್ಷೇಪ’ವೇ ಆಗಬೇಕು. “ಆಕ್ಷೇಪ ಅಂದ್ರ ಸಂಸ್ಕೃತದಾಗ ಎದುರಿಗೆ ಎಸೆಯೋದು” ಎಂದು ಬೆರಳೆತ್ತಿ ಪಾಠ ಹೇಳುವರು. ತಕರಾರಿನ ಮೂಲ ಮಾತ್ರ ಆ ಮಹಾಪಂಡಿತರಿಗೆ ಗೊತ್ತಿರಲಿಲ್ಲ. ಅದನ್ನು ನನಗೆ ಮುಂದೆ ಹೇಳಿದವರು ಊರ ಉರ್ದು ಮಾಸ್ತರರು. ಅದು ಅರಬ್ಬೀ ಮಾತಂತೆ; ಒಂದನ್ನೇ ಮತ್ತೆ ಮತ್ತೆ ಅನ್ನುವುದು ಅದರ ಹುಟ್ಟಿನ ಅರ್ಥವಂತೆ.

ಮಹಾಯುದ್ಧ ಸುರುವಾಗುವ ಮುಂಚಿನ ಮಾತು. ಅಕ್ಕನನ್ನು ಕೇಳಲು ಅಕ್ಕಿಆಲೂರಿನಿಂದ ಅಕ್ಕಿ ಗಿರಣಿಯ ಸಾವಕಾರರು ಬಂದರು. ವರ ಅವರ ಮಗನಲ್ಲ, ಅವರೇ. ಹೆಂಡತಿ ತೀರಿಕೊಂಡವರು, ಅಪ್ಪನಿಗಿಂತ ಹಿರಿಯರು. ಅಪ್ಪನ ಕಣ್ಣಿಗೆ ಗಿರಣಿಯೊಂದೇ ಕಂಡಿತು. ಅಡಿಗೆಮನೆಯಲ್ಲಿ ಅಕ್ಕ ಅಳುತ್ತಿದ್ದಳು. ಕಾಕಾ ಹೋಗಿ, “ಯಾಕ ಅಳ್ತೀಯವಾ? ನಾ ಇದ್ದೇನಿ. ತುಂಬಿದ ಬೈಠಕ್ಕಿನ್ಯಾಗ ತಕರಾರು ಹಾಕ್ತೇನಿ, ನೀ ಸುಮ್ಮ ಕುಂದ್ರು” ಎಂದರು. ಪಾಪ, ಅವಳು ಕಣ್ಣೊರೆಸಿಕೊಂಡಳು.

ನಮ್ಮ ಮನೆತನದಲ್ಲೊಂದು ಪದ್ಧತಿ. ಸಂಬಂಧದ ಮಾತು ಮುಗಿದ ಮೇಲೆ ಹಿರಿಯರ ಮುಂದೆ ಎಲೆ-ಅಡಿಕೆಯ ತಟ್ಟೆ ಬರುತ್ತದೆ. ಎಲೆ ಬಾಯಿಗಿಟ್ಟವನದು ಒಪ್ಪಿಗೆ. ತಕರಾರಿದ್ದವನು ಎಲೆ ಮುಟ್ಟದೆ ಕೂತರೆ ಸಾಕು, ಭಾಷಣ ಬೇಕಿಲ್ಲ. ಕಾಕಾನಿಗೆ ಅದೇ ಕಠಿಣವಾಯಿತು ನೋಡಿರಿ. ಸವಣೂರಿನ ಎಳೆ ಎಲೆ, ಮೆತ್ತನೆಯ ಸುಣ್ಣ. ಮನಸ್ಸಿನಲ್ಲಿ ಭಾಷಣ ಹೊಸೆಯುತ್ತಿದ್ದ ಹಾಗೆಯೇ ಕೈ ತಾನಾಗಿ ಹೋಯಿತು, ಎಲೆ ಮಡಚಿ ದವಡೆಗೆ ಸೇರಿಸಿತು. ಜಗಿದ ಮೇಲೆ ನೆನಪಾಗಿ ಕಣ್ಣು ಕಣ್ಣು ಬಿಟ್ಟರು. “ಕಾರಕೂನರ ಒಪ್ಪಿಗೀನೂ ಆತು” ಎಂದರು ಸಾವಕಾರರು. ತುಂಬಿದ ಬಾಯಿಂದ ಏನು ಹೇಳಿಯಾರು? ಹಿತ್ತಲಿಗೆ ಓಡಿದರು. ಬಾಯಲ್ಲಿದ್ದುದನ್ನು ಉಗುಳಿ, ಎಸೆಯುವ ವಿದ್ಯೆಯನ್ನು ಅಲ್ಲಿಯ ಗೋಡೆಗೆ ತೋರಿಸಿದರು.

ತಟ್ಟೆ ಅಪ್ಪನ ಮುಂದೆ ಬಂತು. ಕಾಕಾ ಓಡಿದ್ದನ್ನು ಕಂಡ ಅಕ್ಕ ಹೊಸ್ತಿಲಿಗೆ ಬಂದು “ನಾ ಒಲ್ಲೆ” ಎಂದಳು.

“ಹುಡುಗಿಗೆ ನಾಚಿಕಿ” ಎಂದು ಯಾರೋ ನಕ್ಕರು.

“ಒಲ್ಲೆ.”

“ಒಳಗ ನಡಿ” ಎಂದು ಅಪ್ಪ ಗದರಿದ.

“ಒಲ್ಲೆ ಅಪ್ಪಾ, ನಾ ಒಲ್ಲೆ.”

ದನಿ ಏರಿಸಲಿಲ್ಲ, ಸಂಸ್ಕೃತ ತರಲಿಲ್ಲ. ಅರಬ್ಬರ ತಕರಾರು ಇದೇ ಇರಬೇಕು. ಅಪ್ಪ ಅವಳ ಮುಖವನ್ನೇ ನೋಡಿದ. ಆಮೇಲೆ, ಎತ್ತಿದ ಎಲೆಯನ್ನು ತಿರುಗಿ ತಟ್ಟೆಯಲ್ಲೇ ಇಟ್ಟುಬಿಟ್ಟ.

ಸಾವಕಾರರ ಚಕ್ಕಡಿ ಊರ ಅಗಸಿಬಾಗಿಲು ದಾಟಿದ ಮೇಲೆ ಕಾಕಾ ಬಾಯಿ ಮುಕ್ಕಳಿಸಿ ಬಂದರು. ಟೊಪಿಗೆ ಸರಿಮಾಡಿಕೊಂಡು, ಖಾಲಿ ಜಮಖಾನೆಯ ಮುಂದೆ ನಿಂತು, “ಈ ಸಂಬಂಧಕ್ಕ ನಂದೊಂದು ತಕರಾರು ಐತಿ” ಎಂದರು.

ಅಕ್ಕ ತಟ್ಟೆ ಹಿಡಿದು “ಎಲಿ ಹಾಕ್ಕೋರಿ ಕಾಕಾ” ಎಂದಳು.

ಹಾಕಿಕೊಂಡರು.